ಮೇಲೇಳದ ತೋಳು: ಭುಜದ ಸ್ನಾಯು ಹರಿದಾಗ

ಹೆಗಲಿನ ಬಗ್ಗೆ ನಮ್ಮ ನುಡಿಯಲ್ಲಿ ಎಷ್ಟೊಂದು ಮಾತುಗಳಿವೆ! ಮನೆಯ ಭಾರ ಹೊತ್ತವರನ್ನು ಹೆಗಲು ಕೊಟ್ಟವರೆನ್ನುತ್ತೇವೆ. ಕಷ್ಟದಲ್ಲಿ ಜೊತೆಯಾದವರನ್ನು ಹೆಗಲೆಣೆಯಾಗಿ ನಿಂತವರೆನ್ನುತ್ತೇವೆ. ಇಷ್ಟು ಕೊಂಡಾಡುವ ಆ ಅವಯವ ಹೇಗೆ ಕೆಲಸ ಮಾಡುತ್ತದೆಂಬುದನ್ನು ಮಾತ್ರ ಅದು ಕೈಕೊಡುವವರೆಗೂ ನಾವು ಯೋಚಿಸುವುದಿಲ್ಲ. ತಲೆ ಬಾಚಿಕೊಳ್ಳಲು ತೋಳು ಏಳದೆ ಹೋದ ಮುಂಜಾನೆಯೇ ಹೆಗಲಿನ ಬೆಲೆ ತಿಳಿಯುವ ಮುಂಜಾನೆ.

ಈ ಲೇಖನಕ್ಕೆ ನಮ್ಮ ಮನೆತನದಲ್ಲಿ ನಡೆದ ಎರಡು ಪ್ರಸಂಗಗಳೇ ಕಾರಣ. ನಮ್ಮ ದೊಡ್ಡಪ್ಪನವರು ಮೂವತ್ತೆರಡು ವರ್ಷ ಪ್ರಾಥಮಿಕ ಶಾಲೆಯಲ್ಲಿ ಮಾಸ್ತರರಾಗಿದ್ದವರು. ಅರವತ್ತೆಂಟರ ವಯಸ್ಸಿನಲ್ಲಿ ಅವರಿಗೆ ಬಲ ಹೆಗಲು ಸಣ್ಣಗೆ ನೋಯತೊಡಗಿತು. ಹಗಲಿಗಿಂತ ರಾತ್ರಿ ನೋವು ಹೆಚ್ಚು. ಆ ಮಗ್ಗುಲಿಗೆ ಹೊರಳಿದರೆ ಎಚ್ಚರವೇ. ಪರೀಕ್ಷೆ ಮಾಡಿಸಿದಾಗ ಒಳಗಿನ ಸ್ನಾಯು ಹರಿದಿದೆಯೆಂದು ವರದಿ ಬಂದಿತು. 'ಹರಿದಿದೆ' ಎಂಬ ಒಂದು ಮಾತಿಗೆ ಮನೆಮಂದಿಯೆಲ್ಲ ನಡುಗಿದೆವು. ಆದರೆ ವೈದ್ಯರು ಶಸ್ತ್ರಚಿಕಿತ್ಸೆಯ ಮಾತೆತ್ತದೆ ವ್ಯಾಯಾಮ ಹೇಳಿಕೊಟ್ಟು ಕಳಿಸಿದರು. ಮೂರು ತಿಂಗಳಲ್ಲಿ ನೋವು ಇಳಿಯಿತು. ಇಂದು ಅವರು ತಮ್ಮ ಅಂಗಿಯನ್ನು ತಾವೇ ತೊಡುತ್ತಾರೆ, ಮಾಡದ ಮೇಲಿನ ಪುಸ್ತಕವನ್ನು ತಾವೇ ಇಳಿಸಿಕೊಳ್ಳುತ್ತಾರೆ.

ಎರಡನೆಯದು ನಮ್ಮ ಸೋದರಳಿಯನ ಕಥೆ. ವಯಸ್ಸು ನಲವತ್ತೆಂಟು, ಹೊಲಮನೆ ನೋಡಿಕೊಳ್ಳುವ ಗಟ್ಟಿ ಆಳು. ಮೋಟಾರ್ ಸೈಕಲ್ಲಿನಿಂದ ಬಿದ್ದು ಕೈಯೂರಿದ. ಅಂದಿನಿಂದ ತೋಳು ಮೇಲೇಳಲಿಲ್ಲ. ಎಕ್ಸ್-ರೇ ತೆಗೆದು 'ಮೂಳೆ ಮುರಿದಿಲ್ಲ' ಎಂದರು. ಎಲ್ಲರೂ ನಿಟ್ಟುಸಿರು ಬಿಟ್ಟೆವು. ಉಳುಕಿರಬೇಕೆಂದು ಎಣ್ಣೆ ನೀವಿಸಿದ್ದಾಯಿತು, ಪಟ್ಟು ಕಟ್ಟಿಸಿದ್ದಾಯಿತು, 'ನರ ಹಿಡಿದಿದೆ' ಎಂದವರ ಬಳಿಗೂ ಹೋದದ್ದಾಯಿತು. ಹೀಗೆ ಎಂಟು ತಿಂಗಳು ಕಳೆದವು. ಕಡೆಗೆ ಎಂ.ಆರ್.ಐ. ಮಾಡಿಸಿದಾಗ ಹರಿದ ತುದಿ ಒಳಕ್ಕೆ ಸರಿದು, ಸ್ನಾಯುವಿನೊಳಗೆ ಕೊಬ್ಬು ಸೇರಿಕೊಂಡಿತ್ತು. ಶಸ್ತ್ರಚಿಕಿತ್ಸೆಯಿಂದ ನೋವು ಕಡಿಮೆಯಾಯಿತು. ಮೊದಲಿನ ಬಲ ಮಾತ್ರ ಬರಲಿಲ್ಲ.

ಒಂದೇ ಹೆಸರಿನ ಬೇನೆ. ಒಬ್ಬರಿಗೆ ತಾಳ್ಮೆಯೇ ಮದ್ದಾಯಿತು, ಇನ್ನೊಬ್ಬರಿಗೆ ಅದೇ ತಾಳ್ಮೆ ಕೇಡಾಯಿತು. ಈ ಎರಡನ್ನೂ ಬೇರ್ಪಡಿಸುವ ಗೆರೆ ಯಾವುದೆಂಬುದನ್ನು ಪ್ರತಿಯೊಂದು ಕುಟುಂಬವೂ ಅರಿತಿರಬೇಕೆಂದು ನಮಗೆ ತೋರಿದ್ದರಿಂದ ಇದನ್ನು ಬರೆಯುತ್ತಿದ್ದೇವೆ.

ಭುಜದ ರಚನೆ

ನಮ್ಮ ದೇಹದ ಕೀಲುಗಳಲ್ಲೆಲ್ಲ ಅತಿ ಹೆಚ್ಚು ಕಡೆಗೆ ತಿರುಗಬಲ್ಲದ್ದು ಭುಜದ ಕೀಲು. ತೋಳಿನ ಮೂಳೆಯ ಮೇಲ್ತುದಿ ಚೆಂಡಿನಂತೆ ದುಂಡಗಿದೆ. ಅದು ಕೂರುವ ಹೆಗಲ ಮೂಳೆಯ ಗುಳಿಯಾದರೋ ತಟ್ಟೆಯಂತೆ ಬಹಳ ಆಳವಿಲ್ಲದ್ದು. ಯಾವ ಹೊತ್ತಿನಲ್ಲಿ ನೋಡಿದರೂ ಚೆಂಡಿನ ಮೂರನೆಯ ಒಂದು ಭಾಗಕ್ಕಿಂತ ಹೆಚ್ಚು ಆ ಗುಳಿಗೆ ತಾಗಿರುವುದಿಲ್ಲ. ತೊಡೆಯ ಕೀಲಿನಲ್ಲಿ ಮೂಳೆಯೇ ಮೂಳೆಯನ್ನು ಹಿಡಿದಿಟ್ಟುಕೊಂಡಿದ್ದರೆ, ಭುಜದಲ್ಲಿ ಆ ಹೊಣೆ ಬಹುಮಟ್ಟಿಗೆ ಮೃದುವಾದ ಅಂಗಾಂಶಗಳದ್ದು.

ಈ ಹೊಣೆ ಹೊತ್ತಿರುವವು ನಾಲ್ಕು ಸ್ನಾಯುಗಳು. ಇವು ಹೆಗಲ ಮೂಳೆಯಿಂದ ಹೊರಟು, ಹಗ್ಗದಂತಹ ಗಟ್ಟಿಯಾದ ತುದಿಗಳಾಗಿ ತೋಳಿನ ಚೆಂಡಿಗೆ ಅಂಟಿಕೊಳ್ಳುತ್ತವೆ. ಮೇಲ್ಭಾಗದಲ್ಲಿ ಸುಪ್ರಾಸ್ಪೈನೇಟಸ್, ಹಿಂಭಾಗದಲ್ಲಿ ಇನ್ಫ್ರಾಸ್ಪೈನೇಟಸ್ ಮತ್ತು ಟೆರಿಸ್ ಮೈನರ್, ಮುಂಭಾಗದಲ್ಲಿ ಸಬ್‌ಸ್ಕ್ಯಾಪುಲಾರಿಸ್. ಸ್ನಾಯುವನ್ನು ಮೂಳೆಗೆ ಕೂಡಿಸುವ ಇಂತಹ ತುದಿಗೆ ಸ್ನಾಯುರಜ್ಜು ಎಂದು ಹೆಸರು. ನಾಲ್ಕೂ ರಜ್ಜುಗಳು ಒಂದರೊಡನೊಂದು ಬೆಸೆದು ಚೆಂಡಿಗೆ ಕುಲಾವಿ ತೊಡಿಸಿದಂತೆ ಕುಳಿತಿರುತ್ತವೆ. ಈ ಕುಲಾವಿಯನ್ನೇ ವೈದ್ಯರು ರೊಟೇಟರ್ ಕಫ್ ಎನ್ನುತ್ತಾರೆ. ಜನ ಇದನ್ನು 'ನರ' ಎನ್ನುವುದುಂಟು, ಅದು ನರವಲ್ಲ.

ತೋಳನ್ನು ಎತ್ತುವ ದೊಡ್ಡ ಸ್ನಾಯು ಹೊರಗಿನ ಡೆಲ್ಟಾಯ್ಡ್. ಅದು ಎಳೆದಾಗ ಚೆಂಡು ಮೇಲಕ್ಕೆ ಜಾರಲು ನೋಡುತ್ತದೆ. ಆಗ ಚೆಂಡನ್ನು ಗುಳಿಯ ನಡುವಿಗೆ ಒತ್ತಿ ಹಿಡಿಯುವುದೇ ಈ ನಾಲ್ಕು ಸ್ನಾಯುಗಳ ಕೆಲಸ. ತೋಳನ್ನು ಒಳಕ್ಕೂ ಹೊರಕ್ಕೂ ತಿರುಗಿಸುವವೂ ಇವೇ.

ಏಕೆ ಹರಿಯುತ್ತದೆ?

ಹರಿತದಲ್ಲಿ ಎರಡು ಬಗೆ. ಮೊದಲನೆಯದು ಸವಕಳಿ. ವಯಸ್ಸಾದಂತೆ ರಜ್ಜುವಿನ ಎಳೆಗಳು ಹಳೆಯ ಹಗ್ಗದಂತೆ ಒಂದೊಂದಾಗಿ ಬಿಡುತ್ತ ಬರುತ್ತವೆ. ಹೆಚ್ಚು ಪಾಲು ಇದು ಆರಂಭವಾಗುವುದು ಮೇಲಿನ ಸುಪ್ರಾಸ್ಪೈನೇಟಸ್‌ನಲ್ಲಿ. ಎರಡನೆಯದು ಏಟು. ಜಾರಿ ಬಿದ್ದು ಕೈಯೂರಿದಾಗ, ಭಾರವನ್ನು ಥಟ್ಟನೆ ಜಗ್ಗಿದಾಗ, ಭುಜದ ಕೀಲು ತಪ್ಪಿದಾಗ ಗಟ್ಟಿಯಾದ ರಜ್ಜುವೂ ಒಮ್ಮೆಲೇ ಹರಿದುಹೋಗಬಹುದು. ನಲವತ್ತು ದಾಟಿದವರಲ್ಲಿ ಕೀಲು ತಪ್ಪಿ ಅದನ್ನು ಕೂಡಿಸಿದ ಮೇಲೂ ತೋಳು ಏಳದಿದ್ದರೆ ಈ ಹರಿತವನ್ನು ಶಂಕಿಸಲೇಬೇಕು.

ಸವಕಳಿಯ ಹರಿತ ಎಷ್ಟು ಸಾಮಾನ್ಯವೆಂಬುದು ಅಚ್ಚರಿ ತರುವಂತಿದೆ. ಜಪಾನಿನ ಒಂದು ಹಳ್ಳಿಯಲ್ಲಿ ೬೮೩ ಜನರ ಭುಜಗಳನ್ನು ಅಲ್ಟ್ರಾಸೌಂಡ್‌ನಿಂದ ಪರೀಕ್ಷಿಸಿ ೨೦೧೦ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಸುಮಾರು ಐದು ಭುಜಗಳಿಗೆ ಒಂದರಲ್ಲಿ ಪೂರ್ಣ ಹರಿತ ಕಂಡಿತು. ಯಾವ ನೋವೂ ಇಲ್ಲದವರಲ್ಲಿಯೂ ಅದು ಅಪರೂಪವಾಗಿರಲಿಲ್ಲ. ಅಂದಮೇಲೆ ವರದಿಯಲ್ಲಿ 'ಹರಿದಿದೆ' ಎಂಬ ಪದ ಕಂಡೊಡನೆ ಎದೆಗುಂದಬೇಕಿಲ್ಲ. ನೆರೆಗೂದಲಿನಂತೆ ಅದು ವಯಸ್ಸಿನ ಗುರುತಾಗಿಯೂ ಇರಬಹುದು.

ಒಬ್ಬ ಹಟವಾದಿ ವೈದ್ಯ

ಭುಜದ ಹರಿತವನ್ನು ೧೮೩೪ರಲ್ಲಿಯೇ ಲಂಡನ್ನಿನ ಜೆ. ಜಿ. ಸ್ಮಿತ್ ಎಂಬುವರು ವರ್ಣಿಸಿದ್ದರು. ಆದರೆ ಅದನ್ನು ಹೊಲಿದು ಸರಿಪಡಿಸಬಹುದೆಂದು ತೋರಿಸಿ ೧೯೧೧ರಲ್ಲಿ ಪ್ರಕಟಿಸಿದವರು ಅಮೆರಿಕದ ಬೋಸ್ಟನ್ ನಗರದ ಅರ್ನೆಸ್ಟ್ ಅಮೋರಿ ಕಾಡ್‌ಮನ್. ೧೯೩೪ರಲ್ಲಿ ಭುಜವೊಂದನ್ನೇ ಕುರಿತು ಅವರು ದೊಡ್ಡ ಗ್ರಂಥ ಬರೆದರು. ಇಂದು ಎಲ್ಲರ ಬಾಯಲ್ಲಿರುವ 'ಫ್ರೋಜನ್ ಶೋಲ್ಡರ್' ಎಂಬ ಹೆಸರನ್ನು ಬಳಕೆಗೆ ತಂದವರೂ ಅವರೇ.

ಕಾಡ್‌ಮನ್ನರ ಇನ್ನೊಂದು ಗುಣವನ್ನು ಇಲ್ಲಿ ನೆನೆಯಬೇಕು. ಚಿಕಿತ್ಸೆ ಮುಗಿದ ಮೇಲೆ ರೋಗಿ ನಿಜವಾಗಿ ಗುಣವಾದನೇ, ಆಗದಿದ್ದರೆ ಏಕೆ ಆಗಲಿಲ್ಲ ಎಂಬುದನ್ನು ವೈದ್ಯ ಬರೆದಿಟ್ಟು ಎಲ್ಲರಿಗೂ ತಿಳಿಸಬೇಕೆಂದು ಅವರು ಹಟ ಹಿಡಿದರು. ಇದು ಸಹೋದ್ಯೋಗಿಗಳಿಗೆ ಹಿಡಿಸಲಿಲ್ಲ. ೧೯೧೪ರಲ್ಲಿ ಅವರು ತಮ್ಮ ಆಸ್ಪತ್ರೆಯ ಹುದ್ದೆಯನ್ನೇ ಬಿಟ್ಟರು. ತಾವೇ ನಡೆಸುತ್ತಿದ್ದ ಪುಟ್ಟ ಆಸ್ಪತ್ರೆಯಲ್ಲಿ ೧೯೧೧ರಿಂದ ೧೯೧೬ರವರೆಗಿನ ೩೩೭ ರೋಗಿಗಳ ಲೆಕ್ಕವನ್ನು ಪ್ರಕಟಿಸಿ, ಅದರಲ್ಲಿ ೧೨೩ ತಪ್ಪುಗಳಾಗಿವೆಯೆಂದು ತಾವಾಗಿಯೇ ಒಪ್ಪಿಕೊಂಡರು. ತನ್ನ ತಪ್ಪನ್ನು ತಾನೇ ಎಣಿಸಿ ಹೇಳುವ ಧೈರ್ಯ ದೊಡ್ಡದು.

ಆ ಹಟದ ಫಲ ನೂರು ವರ್ಷಗಳ ಮೇಲೆ ನಮಗೂ ದೊರಕಿದೆ. ೧೯೭೨ರಲ್ಲಿ ಚಾರ್ಲ್ಸ್ ನೀರ್ ಎಂಬ ಶಸ್ತ್ರವೈದ್ಯರು ಹೆಗಲ ತುದಿಯ ಮೂಳೆಯು ರಜ್ಜುವನ್ನು ಒತ್ತುವುದೆಂದು ಹೇಳಿ, ಆ ಮೂಳೆಯ ಕೆಳಭಾಗವನ್ನು ಕೆತ್ತುವ ವಿಧಾನವನ್ನು ವಿವರಿಸಿದರು. ದೇಶದೇಶಗಳಲ್ಲಿ ಅಸಂಖ್ಯ ಜನರಿಗೆ ಅದು ನಡೆಯಿತು. ಆದರೆ ಬ್ರಿಟನ್ ಮತ್ತು ಫಿನ್ಲೆಂಡ್‌ಗಳಲ್ಲಿ ಬೇರೆ ಬೇರೆಯಾಗಿ ನಡೆದು ೨೦೧೮ರಲ್ಲಿ ಪ್ರಕಟವಾದ ಎರಡು ಪರೀಕ್ಷೆಗಳಲ್ಲಿ ಕೆಲವರಿಗೆ ಮೂಳೆ ಕೆತ್ತಿ, ಕೆಲವರಿಗೆ ಬರಿದೆ ಒಳಗನ್ನು ನೋಡಿ ಹೊಲಿಗೆ ಹಾಕಲಾಯಿತು. ರಜ್ಜು ಪೂರ್ಣ ಹರಿಯದ ಆ ರೋಗಿಗಳಲ್ಲಿ ಇಬ್ಬರ ಗುಣದಲ್ಲಿಯೂ ಹೇಳಿಕೊಳ್ಳುವಂತಹ ಅಂತರ ಕಾಣಲಿಲ್ಲ. ಆದಕಾರಣ ಭುಜನೋವಿಗೆ ಬರೀ ಮೂಳೆ ಕೆತ್ತಿಸಿಕೊಳ್ಳಬೇಕೆಂದು ಯಾರಾದರೂ ಹೇಳಿದರೆ ಇನ್ನೊಬ್ಬ ವೈದ್ಯರ ಅಭಿಪ್ರಾಯ ಕೇಳುವುದು ವಿವೇಕ.

ಗುರುತಿಸುವುದು ಹೇಗೆ?

ರೋಗನಿರ್ಣಯದ ಮೊದಲ ಮೆಟ್ಟಿಲು ಯಂತ್ರವಲ್ಲ, ವೈದ್ಯರ ಕಣ್ಣು ಮತ್ತು ಕೈ. ರೋಗಿ ಅಂಗಿ ಕಳಚಿ ಕುಳಿತಾಗ ಹಿಂಬದಿಯಿಂದ ನೋಡಿದರೆ, ಹಳೆಯ ಹರಿತದಲ್ಲಿ ಹೆಗಲ ಮೂಳೆಯ ಮೇಲಿನ ಮಾಂಸ ಕರಗಿ ಹಳ್ಳ ಬಿದ್ದಿರುವುದು ಕಾಣುತ್ತದೆ.

ಇನ್ನೊಂದು ಪರೀಕ್ಷೆ ಅತಿ ಮುಖ್ಯವಾದದ್ದು. ರೋಗಿ ತಾನೇ ತೋಳೆತ್ತಿದರೆ ಎಷ್ಟು ಏಳುತ್ತದೆ, ವೈದ್ಯರು ಹಿಡಿದು ಎತ್ತಿದರೆ ಎಷ್ಟು ಏಳುತ್ತದೆ ಎಂದು ಹೋಲಿಸಿ ನೋಡುವುದು. ತಾನಾಗಿ ಏಳದ ತೋಳು ಇನ್ನೊಬ್ಬರು ಎತ್ತಿದಾಗ ಸಲೀಸಾಗಿ ಎದ್ದರೆ ಹರಿತದ ಶಂಕೆ ಬಲವಾಗುತ್ತದೆ. ಯಾರು ಎತ್ತಿದರೂ ಏಳದೆ ಬಿಗಿದುಕೊಂಡಿದ್ದರೆ ಅದು ಫ್ರೋಜನ್ ಶೋಲ್ಡರ್, ಅಂದರೆ ಕೀಲಿನ ಚೀಲವೇ ಬಿಗಿದುಕೊಂಡದ್ದು, ಆಗಿರುವ ಸಂಭವ ಹೆಚ್ಚು. ಸಕ್ಕರೆ ಕಾಯಿಲೆಯವರಲ್ಲಿ ಇದು ಹೆಚ್ಚಾಗಿ ಬರುತ್ತದೆ. ಇವೆರಡರ ಚಿಕಿತ್ಸೆ ಬೇರೆ ಬೇರೆ. ಒಂದನ್ನು ಇನ್ನೊಂದೆಂದು ತಿಳಿದಾಗಲೇ ಅಮೂಲ್ಯವಾದ ತಿಂಗಳುಗಳು ಕಳೆದುಹೋಗುತ್ತವೆ.

ಮುಂದೆ ಒಂದೊಂದು ಸ್ನಾಯುವಿನ ಬಲವನ್ನು ಬೇರೆ ಬೇರೆಯಾಗಿ ನೋಡುತ್ತಾರೆ. ಹೆಬ್ಬೆರಳು ಕೆಳಗಾಗುವಂತೆ ತೋಳನ್ನು ಮುಂದೆ ಚಾಚಿಸಿ ಮೇಲಿನಿಂದ ಒತ್ತಿದಾಗ ತಡೆಯಲಾಗದಿದ್ದರೆ ಸುಪ್ರಾಸ್ಪೈನೇಟಸ್ ದುರ್ಬಲವೆಂದು ಶಂಕಿಸುತ್ತಾರೆ. ಮೊಣಕೈ ಪಕ್ಕೆಗೆ ತಾಗಿಸಿ ಮುಂಗೈಯನ್ನು ಹೊರಕ್ಕೆ ತಳ್ಳಲು ಆಗದಿದ್ದರೆ ಹಿಂದಿನ ಸ್ನಾಯು, ಅಂಗೈಯಿಂದ ಹೊಟ್ಟೆಯನ್ನು ಒತ್ತುವಾಗ ಮೊಣಕೈ ಹಿಂದಕ್ಕೆ ಸರಿದುಬಿಟ್ಟರೆ ಮುಂದಿನ ಸ್ನಾಯು ಸೋತಿದೆಯೆಂದು ತಿಳಿಯುತ್ತದೆ.

ಎಕ್ಸ್-ರೇ ಮೂಳೆಯನ್ನು ತೋರಿಸುತ್ತದೆಯೇ ಹೊರತು ರಜ್ಜುವನ್ನು ತೋರಿಸುವುದಿಲ್ಲ. 'ಮೂಳೆ ಸರಿಯಿದೆ' ಎಂದರೆ 'ಎಲ್ಲವೂ ಸರಿಯಿದೆ' ಎಂದರ್ಥವಲ್ಲ. ನಮ್ಮ ಸೋದರಳಿಯನ ವಿಷಯದಲ್ಲಿ ನಾವು ಎಡವಿದ್ದು ಇಲ್ಲಿಯೇ. ಆದರೂ ಚೆಂಡು ಮೇಲಕ್ಕೆ ಸರಿದು ಹೆಗಲ ತುದಿಯ ಮೂಳೆಗೆ ಸಮೀಪವಾಗಿದ್ದರೆ, ದೊಡ್ಡದಾದ ಹಳೆಯ ಹರಿತವಿದೆಯೆಂಬ ಸುಳಿವು ಎಕ್ಸ್-ರೇಯಲ್ಲಿಯೂ ಸಿಗುತ್ತದೆ. ಅನುಭವಿಗಳು ಮಾಡಿದ ಅಲ್ಟ್ರಾಸೌಂಡ್ ಕಡಿಮೆ ಖರ್ಚಿನಲ್ಲಿ ಪೂರ್ಣ ಹರಿತವನ್ನು ಚೆನ್ನಾಗಿ ತೋರಿಸುತ್ತದೆ. ಎಂ.ಆರ್.ಐ. ಇನ್ನೂ ಮೂರು ಸಂಗತಿಗಳನ್ನು ತಿಳಿಸುತ್ತದೆ: ಹರಿತದ ಅಳತೆ, ತುದಿ ಎಷ್ಟು ಒಳಕ್ಕೆ ಸರಿದಿದೆ, ಸ್ನಾಯುವಿನಲ್ಲಿ ಕೊಬ್ಬು ಎಷ್ಟು ಸೇರಿದೆ. ಒಂದು ಸೆಂಟಿಮೀಟರಿಗಿಂತ ಕಡಿಮೆಯಿದ್ದರೆ ಸಣ್ಣ ಹರಿತ. ೧ರಿಂದ ೩ ಮಧ್ಯಮ. ೩ರಿಂದ ೫ ದೊಡ್ಡದು. ೫ ಮೀರಿದರೆ ಅತಿ ದೊಡ್ಡದು. ಸ್ನಾಯುವಿಗೆ ಸೇರಿದ ಕೊಬ್ಬು ಸಾಮಾನ್ಯವಾಗಿ ಹಿಂದಿರುಗುವುದಿಲ್ಲ. ಹೊಲಿದರೂ ಬಲ ಬಾರದಿರುವುದಕ್ಕೆ ಅದೇ ಕಾರಣ.

ಭುಜನೋವೆಲ್ಲ ಭುಜದ್ದೇ ಅಲ್ಲವೆಂಬುದನ್ನೂ ನೆನಪಿಡಬೇಕು. ಕುತ್ತಿಗೆಯ ನರ ಒತ್ತಿದರೆ ನೋವು ಹೆಗಲಿನಿಂದ ಬೆರಳುಗಳವರೆಗೆ ಜೋಮಿನೊಡನೆ ಇಳಿಯುತ್ತದೆ. ಎದೆ ಹಿಂಡಿದಂತಾಗಿ, ಬೆವರಿ, ಹೆಗಲು ಅಥವಾ ತೋಳು ನೋಯತೊಡಗಿದರೆ ಅದು ಹೃದಯದ ಕೂಗಾಗಿರಬಹುದು. ಒಂದು ಗಳಿಗೆಯೂ ತಡಮಾಡದೆ ಆಸ್ಪತ್ರೆಗೆ ಒಯ್ಯಬೇಕು.

ಯಾರಿಗೆ ವ್ಯಾಯಾಮ, ಯಾರಿಗೆ ಶಸ್ತ್ರ?

ಏಟಿಲ್ಲದೆ ಮೆಲ್ಲಗೆ ಬಂದ ಸವಕಳಿಯ ಹರಿತಕ್ಕೆ, ಅದರಲ್ಲಿಯೂ ವಯಸ್ಸಾದವರಲ್ಲಿ, ಮೊದಲ ಚಿಕಿತ್ಸೆ ಫಿಸಿಯೋಥೆರಪಿಯೇ. ಉಳಿದ ಸ್ನಾಯುಗಳಿಗೆ ಬಲ ತುಂಬಿ, ಹರಿದುದರ ಕೆಲಸವನ್ನು ಅವುಗಳಿಗೆ ಕಲಿಸುವುದೇ ಅದರ ಗುರಿ. ಫಿನ್ಲೆಂಡ್‌ನಲ್ಲಿ ೫೫ ವರ್ಷ ಮೀರಿದವರ ಸುಪ್ರಾಸ್ಪೈನೇಟಸ್ ಹರಿತವನ್ನು ಕುರಿತು ನಡೆದ ಪರೀಕ್ಷೆಯಲ್ಲಿ, ಎರಡು ವರ್ಷಗಳ ಕೊನೆಗೆ ವ್ಯಾಯಾಮ ಮಾಡಿದವರಿಗೂ ಹೊಲಿಸಿಕೊಂಡವರಿಗೂ ಗಣನೀಯ ವ್ಯತ್ಯಾಸ ಕಾಣಲಿಲ್ಲ. ಅಮೆರಿಕದ ಇನ್ನೊಂದು ಅಧ್ಯಯನದಲ್ಲಿ ಏಟಿಲ್ಲದೆ ಪೂರ್ಣ ಹರಿತವಾದವರಿಗೆ ವ್ಯಾಯಾಮ ಹೇಳಿಕೊಟ್ಟಾಗ, ಎರಡು ವರ್ಷಗಳಲ್ಲಿ ಶಸ್ತ್ರಚಿಕಿತ್ಸೆಗೆ ಹೋದವರು ನಾಲ್ಕನೆಯ ಒಂದು ಪಾಲು ಮಾತ್ರ.

ಹಾಗೆಂದು ಹೊಲಿಗೆ ವ್ಯರ್ಥವೆಂದಲ್ಲ. ನಾರ್ವೆಯಲ್ಲಿ ೧೦೩ ರೋಗಿಗಳನ್ನು ಹತ್ತು ವರ್ಷ ಹಿಂಬಾಲಿಸಿ ೨೦೧೯ರಲ್ಲಿ ಪ್ರಕಟಿಸಿದ ಫಲಿತಾಂಶದಲ್ಲಿ, ಸಣ್ಣ ಮತ್ತು ಮಧ್ಯಮ ಹರಿತಗಳನ್ನು ಮೊದಲೇ ಹೊಲಿಸಿಕೊಂಡವರ ಸ್ಥಿತಿ ಉತ್ತಮವಾಗಿತ್ತು. ಹೊಲಿಯದೆ ಬಿಟ್ಟ ಹರಿತ ಕಾಲಕ್ರಮದಲ್ಲಿ ದೊಡ್ಡದಾಗಬಹುದು. ಆದ್ದರಿಂದ ವ್ಯಾಯಾಮದ ದಾರಿ ಹಿಡಿದವರೂ ವೈದ್ಯರನ್ನು ಆಗಾಗ ಕಾಣುತ್ತಿರಬೇಕು.

ಬಿದ್ದು ಥಟ್ಟನೆ ತೋಳಿನ ಬಲ ಹೋದವರ ಮಾತು ಬೇರೆ. ದುಡಿಯುವ ವಯಸ್ಸಿನವರಲ್ಲಿ ಇಂತಹ ಪೂರ್ಣ ಹರಿತಕ್ಕೆ ಬೇಗನೆ ಹೊಲಿಗೆ ಹಾಕಿಸುವುದು ಮೇಲು. ಬಿದ್ದು ಎರಡು ವಾರವಾದರೂ ತೋಳು ತಾನಾಗಿ ಏಳದಿದ್ದರೆ ಸ್ಕ್ಯಾನ್ ಮಾಡಿಸಲೇಬೇಕು. ನೀವುವುದು, ಕಟ್ಟುವುದು ಹರಿದ ರಜ್ಜುವನ್ನು ಮೂಳೆಗೆ ಕೂಡಿಸಲಾರವು. ಮೂರು ತಿಂಗಳು ಮನಸ್ಸಿಟ್ಟು ವ್ಯಾಯಾಮ ಮಾಡಿದರೂ ನಿದ್ದೆಗೆಡಿಸುವ ನೋವು ಉಳಿದವರೂ ಶಸ್ತ್ರಚಿಕಿತ್ಸೆಯನ್ನು ಆಲೋಚಿಸಬಹುದು.

ಸ್ಟೆರಾಯ್ಡ್ ಚುಚ್ಚುಮದ್ದು ಕೆಲವು ವಾರ ನೋವನ್ನು ತಗ್ಗಿಸಿ ವ್ಯಾಯಾಮಕ್ಕೆ ಅನುವು ಮಾಡುತ್ತದೆ; ಹರಿತವನ್ನು ಕೂಡಿಸುವುದಿಲ್ಲ. ಪದೇ ಪದೇ ಹಾಕಿಸಿದರೆ ರಜ್ಜು ಇನ್ನಷ್ಟು ದುರ್ಬಲವಾಗುವ ಭಯವಿದೆ. ಸಕ್ಕರೆ ಕಾಯಿಲೆಯವರಿಗೆ ಕೆಲವು ದಿನ ರಕ್ತದ ಸಕ್ಕರೆ ಏರುವುದರಿಂದ ಎಚ್ಚರ ಅಗತ್ಯ.

ಶಸ್ತ್ರಚಿಕಿತ್ಸೆಯ ಕ್ರಮ

ಇಂದು ಹೆಚ್ಚಿನವು ಆರ್ಥ್ರೋಸ್ಕೋಪಿಯಿಂದ ನಡೆಯುತ್ತವೆ. ರೋಗಿಗೆ ಪೂರ್ಣ ಅರಿವಳಿಕೆ ಕೊಡುತ್ತಾರೆ. ಕುತ್ತಿಗೆಯ ಬುಡದಲ್ಲಿ ಚುಚ್ಚುಮದ್ದು ಹಾಕಿ ತೋಳನ್ನು ಮರಗಟ್ಟಿಸುವುದೂ ಉಂಟು. ಭುಜದ ಸುತ್ತ ಕೆಲವು ಸಣ್ಣ ರಂಧ್ರಗಳನ್ನು ಮಾಡಿ, ಒಂದರಿಂದ ಕ್ಯಾಮೆರಾ ಇರುವ ನಳಿಕೆಯನ್ನೂ ಉಳಿದವುಗಳಿಂದ ಉಪಕರಣಗಳನ್ನೂ ಒಳಸೇರಿಸುತ್ತಾರೆ. ಒಳಗಿನ ಚಿತ್ರ ಪರದೆಯ ಮೇಲೆ ಮೂಡುತ್ತದೆ. ಹರಿದ ತುದಿಯನ್ನು ಬಿಡಿಸಿ, ಅದು ಅಂಟಬೇಕಾದ ಮೂಳೆಯನ್ನು ಹೆರೆದು ಹಸಿ ಮಾಡಿ, ದಾರಗಳಿರುವ ಆಂಕರ್ ಎಂಬ ಪುಟ್ಟ ತಿರುಪುಗಳನ್ನು ಮೂಳೆಯಲ್ಲಿ ಕೂರಿಸುತ್ತಾರೆ. ಆ ದಾರಗಳಿಂದ ರಜ್ಜುವನ್ನು ಮೂಳೆಗೆ ಬಿಗಿಯುತ್ತಾರೆ. ಗೂಟಕ್ಕೆ ಹಗ್ಗ ಕಟ್ಟಿದಂತೆ ಎನ್ನಬಹುದು.

ಆದರೆ ದಾರ ರಜ್ಜುವನ್ನು ತನ್ನ ಜಾಗದಲ್ಲಿ ಹಿಡಿದಿಡುತ್ತದೆ ಅಷ್ಟೆ. ಅಂಟಿಕೊಳ್ಳಬೇಕಾದದ್ದು ದೇಹದ ಕೆಲಸ. ಅದಕ್ಕೆ ತಿಂಗಳುಗಳು ಬೇಕು. ಧೂಮಪಾನ ಮತ್ತು ಹತೋಟಿ ತಪ್ಪಿದ ಸಕ್ಕರೆ ಕಾಯಿಲೆ ಈ ಕೂಡಿಕೆಗೆ ಶತ್ರುಗಳು. ಸೋಂಕು, ಕೀಲು ಬಿಗಿಯುವುದು, ಮತ್ತೆ ಹರಿಯುವುದು ಮುಂತಾದ ಅಪಾಯಗಳನ್ನು ವೈದ್ಯರಿಂದ ಮೊದಲೇ ಕೇಳಿ ತಿಳಿಯಬೇಕು. ದೊಡ್ಡ ಹರಿತಗಳು ಮತ್ತೆ ಬಿಡುವುದು ಅಪರೂಪವಲ್ಲ. ೨೦೦೪ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಆರ್ಥ್ರೋಸ್ಕೋಪಿಯಿಂದ ಹೊಲಿದ ೧೮ ದೊಡ್ಡ ಹರಿತಗಳಲ್ಲಿ ೧೭ ಮತ್ತೆ ಬಿಟ್ಟಿದ್ದವು. ಆದರೂ ಆ ರೋಗಿಗಳಲ್ಲಿ ಹೆಚ್ಚಿನವರ ನೋವು ಮೊದಲ ವರ್ಷದಲ್ಲಿ ಇಳಿದಿತ್ತು. ಅಲ್ಲಿಂದೀಚೆಗೆ ಹೊಲಿಗೆಯ ವಿಧಾನಗಳು ಸುಧಾರಿಸಿವೆ. ಎಚ್ಚರಿಕೆಯ ಮಾತು ಮಾತ್ರ ಹಾಗೆಯೇ ಉಳಿದಿದೆ.

ಹೊಲಿಯಲಾರದಷ್ಟು ಹಳೆಯದಾಗಿ, ಕೀಲೂ ಸವೆದ ವೃದ್ಧರಿಗೆ ಕೃತಕ ಕೀಲಿನ ದಾರಿಯಿದೆ. ಫ್ರಾನ್ಸಿನ ದಿಜೋನ್ ನಗರದ ಪಾಲ್ ಗ್ರಾಮಾಂ ಎಂಬ ವೈದ್ಯರು ೧೯೮೫ರಲ್ಲಿ ರೂಪಿಸಿದ ಕೀಲಿನಲ್ಲಿ ಚೆಂಡು ಗುಳಿಯ ಜಾಗಕ್ಕೂ ಗುಳಿ ಚೆಂಡಿನ ಜಾಗಕ್ಕೂ ಬರುತ್ತವೆ. ಹೀಗೆ ತಿರುವುಮುರುವು ಮಾಡಿದ್ದರಿಂದ ಹರಿದ ರಜ್ಜುಗಳ ನೆರವಿಲ್ಲದೆ ಡೆಲ್ಟಾಯ್ಡ್ ಒಂದೇ ತೋಳನ್ನು ಎತ್ತಬಲ್ಲದು.

ಮನೆಯವರ ಪಾಲು

ಶಸ್ತ್ರಚಿಕಿತ್ಸೆಯ ಯಶಸ್ಸಿನಲ್ಲಿ ಅರ್ಧ ಪಾಲು ಮನೆಯವರದೆಂದು ನಾವು ಅನುಭವದಿಂದ ಹೇಳಬಲ್ಲೆವು. ನಾಲ್ಕರಿಂದ ಆರು ವಾರ ತೋಳು ಜೋಳಿಗೆಯಲ್ಲಿರಬೇಕು. ಮಲಗುವಾಗ ಬೆನ್ನಿಗೆ ದಿಂಬು ಒರಗಿಸಿ, ಮೊಣಕೈ ಕೆಳಗೊಂದು ಚಿಕ್ಕ ದಿಂಬಿಟ್ಟರೆ ನಿದ್ದೆ ಬರುತ್ತದೆ. ಅಂಗಿಯಾಗಲಿ ಕುಪ್ಪಸವಾಗಲಿ, ತೊಡುವಾಗ ನೋವಿನ ತೋಳನ್ನು ಮೊದಲು, ಕಳಚುವಾಗ ಕೊನೆಗೆ ತೆಗೆಯಬೇಕು. ಬೆರಳು, ಮಣಿಕಟ್ಟುಗಳನ್ನು ಮೊದಲ ದಿನದಿಂದಲೇ ಆಡಿಸುತ್ತಿರಬೇಕು.

ವೈದ್ಯರು ಅಪ್ಪಣೆ ಕೊಟ್ಟ ಮೇಲೆ ಮೇಜಿಗೆ ಒಂದು ಕೈಯೂರಿ ಬಾಗಿ, ಇನ್ನೊಂದು ತೋಳನ್ನು ಗಡಿಯಾರದ ಲೋಲಕದಂತೆ ತೂಗುವ ವ್ಯಾಯಾಮದಿಂದ ಆರಂಭಿಸುವುದು ರೂಢಿ. ಇದೂ ಕಾಡ್‌ಮನ್ನರ ಹೆಸರಿನಿಂದಲೇ ಪ್ರಸಿದ್ಧ. ತಾನಾಗಿ ತೋಳೆತ್ತುವುದು ಆರು ವಾರಗಳ ಅನಂತರ, ಬಲ ಕೂಡಿಸುವ ವ್ಯಾಯಾಮ ಸುಮಾರು ಹನ್ನೆರಡು ವಾರಗಳ ಅನಂತರ. ಭಾರದ ಕೆಲಸಕ್ಕೆ ಆರು ತಿಂಗಳು. ಪೂರ್ಣ ಗುಣಕ್ಕೆ ಒಂದು ವರ್ಷವೂ ಹಿಡಿಯಬಹುದು. ನೋವು ಹೋಯಿತೆಂದು ಎರಡನೆಯ ತಿಂಗಳಲ್ಲಿಯೇ ನೀರಿನ ಕೊಡ ಎತ್ತಿದರೆ ಹೊಲಿಗೆ ಬಿಟ್ಟುಹೋದೀತು. ಮನೆಯ ಹೆಣ್ಣುಮಕ್ಕಳ ವಿಷಯದಲ್ಲಿ ಈ ತಪ್ಪು ಹೆಚ್ಚು. ಬಟ್ಟೆ ಹಿಂಡುವುದು, ಹಿಟ್ಟು ನಾದುವುದು, ಅಟ್ಟದ ಡಬ್ಬಿ ಇಳಿಸುವುದು ಕೆಲಸವೇ ಅಲ್ಲವೆಂಬಂತೆ ಅವರಿಗೆ ಮರಳಿ ಒಪ್ಪಿಸಿಬಿಡುತ್ತೇವೆ. ಅವು ಭುಜದ ಪಾಲಿಗೆ ಭಾರೀ ಕೆಲಸಗಳೇ. ಆ ತಿಂಗಳುಗಳಲ್ಲಿ ಮನೆಯ ಗಂಡಸರು ಆ ಹೊರೆಯನ್ನು ತಾವು ಹೊರಲು ಸಿದ್ಧರಾಗಬೇಕು.

ವೈದ್ಯರ ಮುಂದೆ ಕುಳಿತಾಗ ಸಂಕೋಚವಿಲ್ಲದೆ ಕೇಳಬೇಕಾದ ಪ್ರಶ್ನೆಗಳು ಇವು: ಹರಿತ ಏಟಿನಿಂದ ಬಂದದ್ದೋ, ಸವಕಳಿಯಿಂದಲೋ? ಪೂರ್ಣವೋ, ಅರ್ಧವೋ? ಎಷ್ಟು ಸೆಂಟಿಮೀಟರ್? ಸ್ನಾಯುವಿನಲ್ಲಿ ಕೊಬ್ಬು ಸೇರಿದೆಯೇ? ಮೂರು ತಿಂಗಳು ವ್ಯಾಯಾಮ ಮಾಡಿ ನೋಡಿದರೆ ನಷ್ಟವುಂಟೇ? ಈ ಐದಕ್ಕೆ ಉತ್ತರ ಸಿಕ್ಕರೆ ಮುಂದಿನ ದಾರಿ ತಾನಾಗಿ ಕಾಣುತ್ತದೆ.

ನಮ್ಮ ಸೋದರಳಿಯ ಈಗಲೂ ಹೊಲಕ್ಕೆ ಹೋಗುತ್ತಾನೆ. ತಲೆಯ ಮೇಲಿನ ಕೆಲಸಕ್ಕೆ ಮಾತ್ರ ಮಗನನ್ನು ಕರೆಯುತ್ತಾನೆ. 'ಅಂದೇ ಯಾರಾದರೂ ಸ್ಕ್ಯಾನ್ ಮಾಡಿಸೆಂದು ಹೇಳಿದ್ದರೆ ಚೆನ್ನಾಗಿತ್ತು, ಮಾವ' ಎಂದು ಅವನು ಒಮ್ಮೆ ಅಂದ ಮಾತು ನಮ್ಮನ್ನು ಬಿಟ್ಟಿಲ್ಲ. ಹೇಳಬೇಕಾದವರಲ್ಲಿ ನಾವೂ ಒಬ್ಬರಾಗಿದ್ದೆವು. ಅವನಿಗೆ ಹೇಳಲಾಗದ್ದನ್ನು ಓದುಗ ಬಂಧುಗಳಿಗಾದರೂ ಹೇಳಿದ್ದೇವೆ. ತಮ್ಮ ಮನೆಯಲ್ಲಿ ಬಿದ್ದವರ ತೋಳು ಮೇಲೇಳದಿದ್ದರೆ, ಮೂಳೆ ಮುರಿದಿಲ್ಲವೆಂಬ ಮಾತಿಗೇ ಸಮಾಧಾನಪಟ್ಟು ಕುಳಿತುಕೊಳ್ಳಬೇಡಿರಿ.